ಮೈನ್‌ಫ್ಲಿಂಗನ್ನಿಗೆ ಕಿವಿಗೊಟ್ಟ ಗಡಿಯಾರ

ನನ್ನ ಓದುವ ಮೇಜಿನ ಮೇಲಿರುವ ಗಡಿಯಾರದಲ್ಲಿ ಮುಳ್ಳು ತಿರುಗಿಸುವ ತಿರುಪು ಇಲ್ಲ. ಹಿಂಬದಿಯಲ್ಲಿ ಒಂದು ಸೆಲ್ ಕೂರುವ ಗೂಡು, ಅದರ ಪಕ್ಕ ಪಿನ್ನಿನ ತುದಿಯಿಂದ ಒತ್ತಬೇಕಾದ ಒಂದು ತೂತು, ಅಷ್ಟೆ. ಸೆಲ್ ಹಾಕಿದ ಕೂಡಲೇ ಮುಳ್ಳುಗಳು ಸರಸರನೆ ಓಡಿ ಹನ್ನೆರಡರ ಮೇಲೆ ನಿಂತುಬಿಡುತ್ತವೆ. ಆಮೇಲೆ ಐದು ನಿಮಿಷವೋ ಹತ್ತು ನಿಮಿಷವೋ ಏನೂ ನಡೆಯುವುದಿಲ್ಲ. ಹೊಸದಾಗಿ ಕೊಂಡವರಿಗೆ ತಾಳ್ಮೆ ತಪ್ಪುವುದು ಇಲ್ಲೇ. ಕೆಟ್ಟದ್ದನ್ನು ಕೊಟ್ಟಿದ್ದಾರೆ ಅಂದುಕೊಂಡು ಅಲುಗಾಡಿಸುತ್ತಾರೆ, ಸೆಲ್ ತೆಗೆದು ಮತ್ತೆ ಹಾಕುತ್ತಾರೆ, ಅಲ್ಲಿಗೆ ಎಲ್ಲ ಮೊದಲಿಂದ ಶುರು. ಸುಮ್ಮನೆ ನಿಂತಂತೆ ಕಾಣುವ ಆ ಹೊತ್ತಿನಲ್ಲೇ ಗಡಿಯಾರ ತನ್ನ ಮುಖ್ಯ ಕೆಲಸ ಮಾಡುತ್ತಿರುತ್ತದೆ. ಅದು ಕೇಳಿಸಿಕೊಳ್ಳುತ್ತಿರುತ್ತದೆ.

ನಾನಿರುವುದು ಜರ್ಮನಿಯ ಸ್ಟುಟ್‌ಗಾರ್ಟ್‌ನಲ್ಲಿ. ಇಲ್ಲಿಂದ ಹೆಚ್ಚುಕಡಿಮೆ ನೇರ ಉತ್ತರಕ್ಕೆ, ಸುಮಾರು 140 ಕಿಲೋಮೀಟರ್ ದೂರದಲ್ಲಿ, ಫ್ರಾಂಕ್‌ಫರ್ಟ್ ಹತ್ತಿರ ಮೈನ್ ನದಿಯ ಪಕ್ಕದಲ್ಲಿ ಮೈನ್‌ಫ್ಲಿಂಗನ್ ಎಂಬ ಊರಿದೆ. ಅಲ್ಲಿನ ಎತ್ತರದ ಆಂಟೆನಾಗಳಿಂದ 77.5 ಕಿಲೋಹರ್ಟ್ಸ್‌ನಲ್ಲಿ ಒಂದು ಪ್ರಸಾರ ಹಗಲೂ ರಾತ್ರಿ ನಡೆಯುತ್ತದೆ. ಹಾಡಿಲ್ಲ, ಮಾತಿಲ್ಲ, ಬರೀ ಸಮಯ. ಕೇಂದ್ರದ ಹೆಸರು ಡಿಸಿಎಫ್77. 1959ರಲ್ಲಿ ಶುರುವಾದ ಈ ಪ್ರಸಾರಕ್ಕೆ ತಾರೀಖು-ಗಂಟೆಗಳ ಸಂಕೇತ ಸೇರಿದ್ದು 1973ರಲ್ಲಿ. ಪ್ರೇಷಕದ ಶಕ್ತಿ 50 ಕಿಲೋವ್ಯಾಟ್. ಸಮಯದ ಹೊಣೆ ಬ್ರೌನ್‌ಶ್ವೈಗ್‌ನಲ್ಲಿರುವ ಪಿಟಿಬಿ ಎಂಬ ರಾಷ್ಟ್ರೀಯ ಮಾಪನ ಸಂಸ್ಥೆಯದು. ಸೀಸಿಯಂ ಪರಮಾಣು ಗಡಿಯಾರಗಳನ್ನಿಟ್ಟುಕೊಂಡು ಇಡೀ ದೇಶದ ಕಾನೂನುಬದ್ಧ ಸಮಯ ಕಾಯುವುದು ಅದರ ಕೆಲಸ. ಸುಮಾರು 2000 ಕಿಲೋಮೀಟರ್ ದೂರದೊಳಗಿನ, ಈ ಅಲೆ ಹಿಡಿದು ತಾನೇ ಸಮಯ ಹೊಂದಿಸಿಕೊಳ್ಳುವ ಯಾವ ಗಡಿಯಾರವಾದರೂ ಇದನ್ನು ಕೇಳಬಹುದು. ರೈಲು ನಿಲ್ದಾಣದ ದೊಡ್ಡ ಗಡಿಯಾರಕ್ಕೂ ನನ್ನ ಮೇಜಿನ ಮೇಲಿನ ಅಗ್ಗದ ಪ್ಲಾಸ್ಟಿಕ್ಕಿಗೂ ಒಂದೇ ಮೂಲ. ಇದು ನನಗೆ ಇವತ್ತಿಗೂ ದೊಡ್ಡ ಸಂಗತಿಯಾಗಿಯೇ ಕಾಣುತ್ತದೆ.

ಕೇಳಿಸಿಕೊಳ್ಳುವುದು ಅಂದರೆ ಏನು ಅನ್ನುವುದನ್ನು ಸ್ವಲ್ಪ ಬಿಡಿಸಿ ಹೇಳಬೇಕು, ಯಾಕಂದರೆ ಗಡಿಯಾರದ ಎಲ್ಲ ತಂಟೆಗಳ ಬೇರು ಅಲ್ಲೇ ಇದೆ. ಪ್ರತಿ ಸೆಕೆಂಡಿನ ಆರಂಭದಲ್ಲಿ ಮೈನ್‌ಫ್ಲಿಂಗನ್ನಿನ ಅಲೆ ಒಂದು ಕ್ಷಣ ಕುಗ್ಗುತ್ತದೆ. 100 ಮಿಲಿಸೆಕೆಂಡ್ ಕುಗ್ಗಿದರೆ (ಗಿಡ್ಡ) ಸೊನ್ನೆ, 200 ಮಿಲಿಸೆಕೆಂಡ್ ಕುಗ್ಗಿದರೆ (ಉದ್ದ) ಒಂದು. ನಿಮಿಷದ ಕೊನೆಯ ಸೆಕೆಂಡಿನಲ್ಲಿ ಮಾತ್ರ ಅಲೆ ಕುಗ್ಗುವುದೇ ಇಲ್ಲ. ಆ ಖಾಲಿ ಜಾಗವೇ ಮುಂದಿನ ನಿಮಿಷ ಬರುತ್ತಿದೆ ಎಂಬುದರ ಗುರುತು. ಹೀಗೆ ಒಂದು ನಿಮಿಷ ಪೂರ್ತಿ ಕೇಳಿದರೆ ಒಂದು ಸಂದೇಶ. ನಿಮಿಷ, ಗಂಟೆ, ತಾರೀಖು, ವಾರ, ತಿಂಗಳು, ವರ್ಷ, ಬೇಸಿಗೆಯ ಸಮಯವೋ ಚಳಿಗಾಲದ್ದೋ ಎಂಬುದು (ಇಲ್ಲಿ ಮಾರ್ಚ್ ಕೊನೆಗೆ ಗಡಿಯಾರವನ್ನು ಒಂದು ಗಂಟೆ ಮುಂದೆ, ಅಕ್ಟೋಬರ್ ಕೊನೆಗೆ ಮತ್ತೆ ಹಿಂದೆ ಇಡುತ್ತಾರೆ), ಎಲ್ಲ ಅದರಲ್ಲಿ.

ಬೆಳಿಗ್ಗೆ 6 ಗಂಟೆ 43 ನಿಮಿಷವನ್ನೇ ತೆಗೆದುಕೊಳ್ಳೋಣ. ಸಂದೇಶ ಹೇಳುವುದು ಬರಲಿರುವ ನಿಮಿಷವನ್ನಾದ್ದರಿಂದ ಇದು ಹೊರಡುವುದು 6:42ರಲ್ಲಿ. ನಿಮಿಷದ ಅಂಕಿ ಇರುವುದು 21ರಿಂದ 27ನೇ ಸೆಕೆಂಡಿನವರೆಗೆ. ಆ ಏಳು ಸೆಕೆಂಡುಗಳಿಗೆ ಕ್ರಮವಾಗಿ 1, 2, 4, 8, 10, 20, 40 ಎಂಬ ಬೆಲೆ. 43 ಅಂದರೆ 1, 2 ಮತ್ತು 40 ಕೂಡಿದ್ದು. ಹಾಗಾಗಿ ಗಡಿಯಾರಕ್ಕೆ ಕೇಳಿಸುವುದು ಉದ್ದ, ಉದ್ದ, ಗಿಡ್ಡ, ಗಿಡ್ಡ, ಗಿಡ್ಡ, ಗಿಡ್ಡ, ಉದ್ದ. ಮೂರು ಉದ್ದ ಬಂತು, ಬೆಸ ಸಂಖ್ಯೆ. ಅದನ್ನು ಸಮ ಮಾಡಲು 28ನೇ ಸೆಕೆಂಡಿನಲ್ಲಿ ಇನ್ನೊಂದು ಉದ್ದ. ನಡುವೆ ಎಲ್ಲಾದರೂ ಒಂದು ಗಿಡ್ಡ ಉದ್ದವಾಗಿ ಕೇಳಿಸಿದರೆ ಈ ಲೆಕ್ಕ ತಾಳೆಯಾಗುವುದಿಲ್ಲ, ಆ ಸಂದೇಶವನ್ನು ಕೈಬಿಡಬೇಕು. ಬಹಳಷ್ಟು ಗಡಿಯಾರಗಳು ಒಂದು ಸಂದೇಶ ತಾಳೆಯಾದರೂ ಸಾಕೆನ್ನುವುದಿಲ್ಲ. ಮುಂದಿನ ನಿಮಿಷದ್ದನ್ನೂ ಕೇಳಿ, ಒಂದು ನಿಮಿಷ ಹೆಚ್ಚಾಗಿದೆಯೇ ಎಂದು ನೋಡಿ, ಆಮೇಲಷ್ಟೇ ಮುಳ್ಳು ಸರಿಸುತ್ತವೆ. ಸೆಲ್ ಹಾಕಿದ ಮೇಲಿನ ಕಾಯುವಿಕೆಗೆ ಇದೇ ಕಾರಣ.

ಒಂದೇ ಒಂದು ಸೆಕೆಂಡು ಕೆಟ್ಟರೂ ಆ ನಿಮಿಷ ದಂಡ. ಇದು ತಲೆಯಲ್ಲಿದ್ದರೆ ರಿಪೇರಿಯ ಅರ್ಧ ಕೆಲಸ ಮುಗಿದ ಹಾಗೆ.

ಬಾಗಲಕೋಟೆ ಕಡೆಯ ನಮ್ಮೂರಿನಲ್ಲಿ ಗಡಿಯಾರವನ್ನು ರೇಡಿಯೋಕ್ಕೆ ಹೊಂದಿಸುವ ಕೆಲಸ ಅಪ್ಪನದಾಗಿತ್ತು. ಸುದ್ದಿಗೆ ಮುಂಚೆ ಆಕಾಶವಾಣಿಯಲ್ಲಿ ಬರುವ ಪೀಂ ಪೀಂ ಸದ್ದಿಗಾಗಿ ಎಚ್‌ಎಂಟಿ ವಾಚಿನ ಕೀಲಿ ಎಳೆದು ಹಿಡಿದುಕೊಂಡು ಕಾಯುತ್ತಿದ್ದ, ಕೊನೆಯ ಸದ್ದಿಗೆ ಸರಿಯಾಗಿ ಒತ್ತುತ್ತಿದ್ದ. ಆ ಹೊತ್ತಿನಲ್ಲಿ ಯಾರೂ ಮಾತಾಡುವ ಹಾಗಿರಲಿಲ್ಲ. ಧಾರವಾಡ ಕೇಂದ್ರ, 765 ಕಿಲೋಹರ್ಟ್ಸ್. ಸ್ಟೇಷನ್ ಮಂಕಾದರೆ ಟ್ರಾನ್ಸಿಸ್ಟರನ್ನೇ ಮೆಲ್ಲಗೆ ಸುತ್ತ ತಿರುಗಿಸಬೇಕು, ಒಂದು ದಿಕ್ಕಿನಲ್ಲಿ ದನಿ ಗಟ್ಟಿಯಾಗುತ್ತಿತ್ತು, ಇನ್ನೊಂದು ದಿಕ್ಕಿನಲ್ಲಿ ಪೂರಾ ಇಳಿದುಬಿಡುತ್ತಿತ್ತು. ಆ ಪೆಟ್ಟಿಗೆಯೊಳಗೆ ಇದ್ದದ್ದು ತಾಮ್ರದ ತಂತಿ ಸುತ್ತಿದ ಒಂದು ಕಪ್ಪು ಫೆರೈಟ್ ಕಡ್ಡಿ. ನನ್ನ ಮೇಜಿನ ಗಡಿಯಾರದೊಳಗೂ ಅದೇ ಕಡ್ಡಿ ಇದೆ, ಬೆರಳುದ್ದದ್ದು. ಕಡ್ಡಿಯ ಮಗ್ಗುಲು ಪ್ರೇಷಕದ ಕಡೆಗಿದ್ದರೆ ಚೆನ್ನಾಗಿ ಕೇಳಿಸುತ್ತದೆ, ತುದಿ ಅತ್ತ ಕಡೆಗಿದ್ದರೆ ಕೇಳಿಸುವುದೇ ಇಲ್ಲ. ಸಾಮಾನ್ಯವಾಗಿ ಕಡ್ಡಿಯನ್ನು ಗಡಿಯಾರದ ಮುಖಕ್ಕೆ ಸಮಾನಾಂತರವಾಗಿ ಅಡ್ಡಲಾಗಿ ಮಲಗಿಸಿರುತ್ತಾರೆ. ಹಾಗಾಗಿ ಸ್ಟುಟ್‌ಗಾರ್ಟ್‌ನಲ್ಲಿ ಮೇಜಿನ ಗಡಿಯಾರದ ಮುಖವೋ ಬೆನ್ನೋ ಉತ್ತರಕ್ಕಿರಬೇಕು. ಪೂರ್ವ-ಪಶ್ಚಿಮದ ಕಡೆ ಮುಖ ಮಾಡಿಟ್ಟರೆ ಕಡ್ಡಿಯ ತುದಿ ನೇರ ಮೈನ್‌ಫ್ಲಿಂಗನ್ನಿಗೆ ತಿರುಗುತ್ತದೆ. ಎಷ್ಟೋ ಮನೆಗಳಲ್ಲಿ "ಇದು ಕೆಟ್ಟಿದೆ" ಎಂದು ಪಕ್ಕಕ್ಕಿಟ್ಟ ಗಡಿಯಾರವನ್ನು ನಾನು ಕಾಲು ಸುತ್ತು ತಿರುಗಿಸಿಟ್ಟು ಬಂದಿದ್ದೇನೆ. ಮರುದಿನ ಫೋನ್ ಬರುತ್ತದೆ, ಸರಿಹೋಯಿತು ಅಂತ.

ನನ್ನದೇ ಗಡಿಯಾರ ಕೈಕೊಟ್ಟದ್ದು ಬೇರೆ ಕಾರಣಕ್ಕೆ. ಒಂದು ಚಳಿಗಾಲದಲ್ಲಿ ಮೇಜಿಗೆ ಹೊಸ ಎಲ್‌ಇಡಿ ದೀಪ ಬಂತು, ಬೆರಳು ಮುಟ್ಟಿಸಿದರೆ ಹತ್ತುವಂಥದ್ದು. ಬೆಳಕು ಒಳ್ಳೆಯದೇ. ಗಡಿಯಾರ ಎಂದಿನಂತೆ ಟಿಕ್ ಟಿಕ್ ಅನ್ನುತ್ತಿತ್ತು, ಏನೂ ತಪ್ಪಾದಂತೆ ಕಾಣಲಿಲ್ಲ. ಮಾರ್ಚ್ ಕೊನೆಯ ಭಾನುವಾರ ಬೆಳಿಗ್ಗೆ ಇಡೀ ದೇಶ ಒಂದು ಗಂಟೆ ಮುಂದೆ ಹೋಗಿದ್ದರೂ ಈ ಗಡಿಯಾರ ಮಾತ್ರ ಹಿಂದೆಯೇ ಉಳಿದಿತ್ತು. ಫೋನಿನ ಪಕ್ಕ ಹಿಡಿದು ಸೆಕೆಂಡು ನೋಡಿದರೆ ಅದೂ ಅಷ್ಟಿಷ್ಟು ಸರಿದಿತ್ತು. ಅಂದರೆ ಆ ಒಂದು ರಾತ್ರಿ ತಪ್ಪಿದ್ದಲ್ಲ, ವಾರಗಟ್ಟಲೆಯಿಂದ ಅದು ಏನನ್ನೂ ಕೇಳಿಸಿಕೊಂಡೇ ಇರಲಿಲ್ಲ.

ಈ ಗಡಿಯಾರಗಳ ಒಂದು ಗುಣ ನನಗೆ ಬಹಳ ಇಷ್ಟ. ಸಮಯ ಎಷ್ಟು ತಪ್ಪಿದೆ ಎಂಬುದೇ ಎಲ್ಲಿ ತಪ್ಪಿದೆ ಎಂಬುದನ್ನು ಹೇಳಿಬಿಡುತ್ತದೆ. ಸಿಗ್ನಲ್ ಸಿಗದಿದ್ದಾಗ ಗಡಿಯಾರ ನಡೆಯುವುದು ಒಳಗಿನ ಕ್ವಾರ್ಟ್ಜ್ ಹರಳಿನ ಮೇಲೆ. ಸೆಕೆಂಡಿಗೆ 32,768 ಸಲ ಕಂಪಿಸುವ ಆ ಹರಳು ದಿನಕ್ಕೆ ಅರ್ಧ ಸೆಕೆಂಡಿನಷ್ಟು ಆಚೀಚೆ ಆಗಬಹುದು. ಹಾಗಾಗಿ ಕೆಲವು ಸೆಕೆಂಡುಗಳ ವ್ಯತ್ಯಾಸ ಕಂಡರೆ ಬಹಳ ದಿನದಿಂದ ಸಿಗ್ನಲ್ ಇಲ್ಲ ಎಂದರ್ಥ. ಸರಿಯಾಗಿ ಒಂದು ಗಂಟೆ ತಪ್ಪಿದ್ದರೆ ಬೇಸಿಗೆ ಸಮಯದ ಬದಲಾವಣೆ ಕೇಳಿಸಿಲ್ಲ, ಇಲ್ಲವೇ ಡಿಜಿಟಲ್ ಗಡಿಯಾರವಾದರೆ ಯಾರೋ ಟೈಮ್ ಝೋನ್ ಗುಂಡಿ ಒತ್ತಿದ್ದಾರೆ. ಸೆಕೆಂಡು ಪಕ್ಕಾ ಇದ್ದು ನಿಮಿಷ ಮಾತ್ರ ಯಾವಾಗಲೂ ಏಳೋ ಎಂಟೋ ಹಿಂದಿದ್ದರೆ ಸಿಗ್ನಲ್‌ಗೆ ಬೈದು ಪ್ರಯೋಜನವಿಲ್ಲ. ಮುಳ್ಳು ತನ್ನ ಅಚ್ಚಿನ ಮೇಲೆ ಜಾರಿದೆ, ಬಿದ್ದಾಗ ಹಾಗಾಗುತ್ತದೆ. ಪಿನ್ನಿನ ತೂತು ಒತ್ತಿ ಮುಳ್ಳುಗಳು ನೇರ ಹನ್ನೆರಡಕ್ಕೆ ಬಂದು ನಿಲ್ಲುತ್ತವೆಯೇ ನೋಡಿ. ಹನ್ನೊಂದು ಐವತ್ತಮೂರಕ್ಕೆ ನಿಂತರೆ ಕಥೆ ಗೊತ್ತಾಯಿತು. ಮುಳ್ಳುಗಳು ನಿಲ್ಲದೆ ಸುತ್ತುತ್ತಲೇ ಇದ್ದರೆ ಮೊದಲು ಸೆಲ್ ಬದಲಿಸಿ. ಹನ್ನೆರಡು ಎಲ್ಲಿದೆ ಎಂದು ಈ ಯಂತ್ರಕ್ಕೆ ತಿಳಿಯುವುದು ಹಲ್ಲುಚಕ್ರಗಳ ತೂತುಗಳ ಮೂಲಕ ಹಾಯುವ ಒಂದು ಕಿರುಬೆಳಕಿನಿಂದ, ಸೊರಗಿದ ಸೆಲ್ಲಿಗೆ ಅದನ್ನು ಉರಿಸಿಕೊಂಡು ಮೋಟಾರನ್ನೂ ಓಡಿಸುವ ತ್ರಾಣ ಇರುವುದಿಲ್ಲ. ಚಾರ್ಜ್ ಮಾಡುವ ಸೆಲ್ ಹಾಕಬೇಡಿ ಎಂದು ಕೈಪಿಡಿಗಳಲ್ಲಿ ಬರೆದಿರುವುದೂ ಇದಕ್ಕೇ. ಅದು 1.2 ವೋಲ್ಟ್, ಇದಕ್ಕೆ ಬೇಕಾದದ್ದು 1.5.

ನನ್ನ ಗಡಿಯಾರದ ಲಕ್ಷಣ ಮೊದಲನೆಯ ಬಗೆಯದು, ಕಿವಿ ಮುಚ್ಚಿಹೋದದ್ದು. ಕೆಡಿಸುತ್ತಿರುವುದು ಯಾವುದು ಎಂದು ಪತ್ತೆ ಹಚ್ಚಲು ಊರಿಂದ ತಂದಿಟ್ಟುಕೊಂಡ ಟ್ರಾನ್ಸಿಸ್ಟರ್ ಉಪಯೋಗಕ್ಕೆ ಬಂತು. ಇಲ್ಲಿನ ಡಾಯ್ಚ್‌ಲಾಂಡ್‌ಫುಂಕ್ ಎಂಬ ರೇಡಿಯೋ ತನ್ನ ಮೀಡಿಯಂ ವೇವ್ ಪ್ರಸಾರವನ್ನು 2015ರ ಕೊನೆಗೆ ನಿಲ್ಲಿಸಿದ ಮೇಲೆ ಇಲ್ಲಿ ಹಗಲು ಹೊತ್ತು ಆ ಬ್ಯಾಂಡ್ ಬಹುಪಾಲು ಖಾಲಿ. ಸ್ಟೇಷನ್ ಇಲ್ಲದ ಜಾಗಕ್ಕೆ ಮುಳ್ಳು ತಂದು, ಕೋಣೆಯಲ್ಲಿ ಒಂದೊಂದೇ ಸಾಮಾನಿನ ಹತ್ತಿರ ರೇಡಿಯೋ ಹಿಡಿದುಕೊಂಡು ಹೋದೆ. ಕಿಟಕಿಯ ಬಳಿ ತೆಳ್ಳಗಿನ ಸುಯ್ ಸದ್ದು. ಲ್ಯಾಪ್‌ಟಾಪ್ ಚಾರ್ಜರ್ ಬಳಿ ಗೊರಗೊರ. ಮೇಜಿನ ದೀಪದ ಹತ್ತಿರ ತಂದಾಗ ಕಿವಿ ಗಡಚಿಕ್ಕುವಂತೆ ಝೇಂಕರಿಸಿತು. ಬೆರಳು ಮುಟ್ಟಿಸಿ ದೀಪ ಆರಿಸಿದೆ, ಝೇಂಕಾರ ತುಸು ತಗ್ಗಿತೇ ಹೊರತು ನಿಲ್ಲಲಿಲ್ಲ. ಗೋಡೆಯ ಸಾಕೆಟ್‌ನಿಂದ ಅಡಾಪ್ಟರ್ ಕಿತ್ತ ಮೇಲೇ ನಿಂತದ್ದು. ಬೆರಳಿನ ಸ್ಪರ್ಶಕ್ಕೆ ಕಾಯುವ ದೀಪ ರಾತ್ರಿಯಿಡೀ ಎಚ್ಚರವಾಗಿರುತ್ತದೆ. ಗಡಿಯಾರ ಕಿವಿ ತೆರೆಯುವುದು ಕೂಡ ರಾತ್ರಿ ಎರಡು-ಮೂರು ಗಂಟೆಯ ಹೊತ್ತಿಗೆ, ಮನೆ ಮಲಗಿರುತ್ತದೆ, ದೂರದ ಅಲೆ ಚೆನ್ನಾಗಿ ತಲುಪುತ್ತದೆ ಎಂಬ ನಂಬಿಕೆಯಲ್ಲಿ. ಅಷ್ಟರಲ್ಲಿ ಒಂದು ಗೇಣು ದೂರದಲ್ಲಿ ಈ ಅಡಾಪ್ಟರ್ ಕೂಗುತ್ತ ಕೂತಿರುತ್ತಿತ್ತು.

ಹಳೆಯ ಟಿವಿ ಪೆಟ್ಟಿಗೆಗಳಿದ್ದ ಕಾಲದಲ್ಲೂ ಇದೇ ಕಾಟವಿತ್ತು. ಇಲ್ಲಿನ ಟಿವಿಗಳು ಪರದೆಯ ಮೇಲೆ ಗೆರೆ ಎಳೆಯುತ್ತಿದ್ದದ್ದು ಸೆಕೆಂಡಿಗೆ 15,625 ಸಲ. ಅದರ ಐದು ಪಟ್ಟು 78.125 ಕಿಲೋಹರ್ಟ್ಸ್, ಮೈನ್‌ಫ್ಲಿಂಗನ್ನಿನ 77.5ಕ್ಕೆ ಒತ್ತಿಕೊಂಡೇ ಇದೆ. ಟಿವಿಯ ಮೇಲೆ ಗಡಿಯಾರ ಇಡಬೇಡಿ ಎಂಬ ಸೂಚನೆ ಬಂದದ್ದು ಹಾಗೆ. ಈಗ ಆ ಪೆಟ್ಟಿಗೆಗಳು ಹೋಗಿವೆ, ಆದರೆ ಅಡಾಪ್ಟರ್ ಇಲ್ಲದ ಮೂಲೆಯೇ ಮನೆಯಲ್ಲಿ ಉಳಿದಿಲ್ಲ. ನಾವು ನಿಶ್ಶಬ್ದ ಅಂದುಕೊಂಡ ಕೋಣೆ ಗಡಿಯಾರದ ಪಾಲಿಗೆ ಸಂತೆ. ಕಿವಿಗೆ ಕೇಳದ್ದನ್ನು ಗದ್ದಲ ಎಂದು ನಾವು ಲೆಕ್ಕಕ್ಕೇ ಹಿಡಿಯುವುದಿಲ್ಲ. ವಿದ್ಯುತ್ ಸಾಮಾನು ಕೊಳ್ಳುವಾಗ ಇದನ್ನೂ ಒಂದು ಗುಣವಾಗಿ ನೋಡಬೇಕು ಎಂದು ನನಗೆ ಅನ್ನಿಸುತ್ತದೆ. ಎಷ್ಟು ವ್ಯಾಟ್ ಎಂದು ಕೇಳುತ್ತೇವೆ, ಎಷ್ಟು ಗದ್ದಲ ಎಂದು ಯಾರೂ ಕೇಳುವುದಿಲ್ಲ.

ದೀಪ ಈಗ ಹಜಾರಕ್ಕೆ ಹೋಗಿದೆ. ಗಡಿಯಾರ ಮೇಜಿನ ಮೇಲೆಯೇ, ಕಿಟಕಿಯ ಬದಿಗೆ, ಬೆನ್ನು ಉತ್ತರಕ್ಕೆ. ಕಂಪ್ಯೂಟರ್ ಪರದೆಯಿಂದ ಎರಡು ಮೀಟರ್ ದೂರ. ಇಷ್ಟು ಮಾಡಿ, ಸೆಲ್ ತೆಗೆದು ಹಾಕಿ, ರಾತ್ರಿಗೆ ಬಿಟ್ಟೆ. ಕಾಂಕ್ರೀಟಿನ ಗೋಡೆಯೊಳಗಿನ ಸರಳು, ಕಬ್ಬಿಣದ ಕಪಾಟು, ಫ್ರಿಜ್ಜಿನ ನೆತ್ತಿ, ಇವೂ ಅಲೆಗೆ ಅಡ್ಡ ಬರುವಂಥವೇ. ನೆಲಮಾಳಿಗೆಯಲ್ಲಂತೂ ಆಸೆ ಇಟ್ಟುಕೊಳ್ಳಬಾರದು.

ಆ ವರ್ಷ ಅವ್ವ ಇಲ್ಲಿಗೆ ಬಂದಿದ್ದಳು. ಹೊತ್ತು ಮೂಡುವ ಮೊದಲೇ ಏಳುವ ಅಭ್ಯಾಸ. ಅಕ್ಟೋಬರ್ ಕೊನೆಯ ಭಾನುವಾರ, ಮೂರು ಗಂಟೆ ಮತ್ತೆ ಎರಡಾಗುವ ರಾತ್ರಿ, ನೀರು ಕುಡಿಯಲು ಎದ್ದವಳು ನನ್ನನ್ನು ಎಬ್ಬಿಸಿದಳು. "ಯಪ್ಪಾ, ಇದರ ಮುಳ್ಳು ತಾವಽ ತಿರಗಾಕತ್ತಾವಲ್ಲೋ!" ಹೋಗಿ ನೋಡಿದರೆ ನಿಜ. ನನ್ನ ಗಡಿಯಾರದ ಮುಳ್ಳುಗಳಿಗೆ ಹಿಂದಕ್ಕೆ ಹೋಗಲು ಬಾರದು, ಹಾಗಾಗಿ ಒಂದು ಗಂಟೆ ಹಿಂದೆ ಹೋಗಬೇಕಾದರೆ ಹನ್ನೊಂದು ಗಂಟೆ ಮುಂದೆ ಓಡಬೇಕು. ನಿಮಿಷದ ಮುಳ್ಳು ಸುತ್ತಿದ್ದೇ ಸುತ್ತಿದ್ದು. ಅವ್ವ ಕುರ್ಚಿ ಎಳೆದುಕೊಂಡು ಕೂತು ಕೊನೆಯವರೆಗೂ ನೋಡಿದಳು. ಬದಲಾವಣೆ ಬರುತ್ತಿದೆ ಎಂಬ ಸೂಚನೆಯನ್ನು ಮೈನ್‌ಫ್ಲಿಂಗನ್ ಒಂದು ಗಂಟೆ ಮೊದಲಿಂದಲೇ 16ನೇ ಸೆಕೆಂಡಿನಲ್ಲಿ ಕೊಡುತ್ತಿರುತ್ತದೆ ಎಂದು ಹೇಳಿದೆ. "ಹಂಗಂದ್ರ ಇವರ ಅಲ್ಲೆ ರಾತ್ರಿ ಎಲ್ಲಾ ಎದ್ದಿರ್ತಾರೇನು?" ಎಂದು ಕೇಳಿದಳು. ಯಂತ್ರ ಎದ್ದಿರುತ್ತದೆ, ಅದನ್ನು ಬ್ರೌನ್‌ಶ್ವೈಗ್‌ನಿಂದ ನೋಡಿಕೊಳ್ಳುತ್ತಾರೆ ಅಂದೆ.

ಸಮಯವನ್ನು ಯಾವುದರಿಂದ ಪಡೆಯುತ್ತೇವೆ ಎಂಬುದು ಎಷ್ಟು ಮುಖ್ಯ ಎಂದು ನನಗೆ ಮನದಟ್ಟಾದದ್ದು 2018ರಲ್ಲಿ. ಆ ಜನವರಿಯ ಮಧ್ಯದಿಂದ ಮಾರ್ಚ್ ಆರಂಭದವರೆಗೆ ಸರ್ಬಿಯಾ-ಕೊಸೊವೊ ನಡುವಿನ ವಿವಾದದಿಂದ ಯುರೋಪಿನ ವಿದ್ಯುತ್ ಜಾಲದಲ್ಲಿ ಕೊರತೆ ಬಿದ್ದು, 50 ಹರ್ಟ್ಸ್ ಇರಬೇಕಾದ ಕಂಪನ ಕೂದಲೆಳೆಯಷ್ಟು ತಗ್ಗಿತ್ತು. ಒಲೆ, ಮೈಕ್ರೋವೇವ್, ಹಾಸಿಗೆ ಪಕ್ಕದ ಪ್ಲಗ್ ಗಡಿಯಾರಗಳು ಆ ಕಂಪನವನ್ನೇ ಎಣಿಸಿ ಸಮಯ ತೋರಿಸುವಂಥವು. ವಾರಗಳು ಕಳೆದಂತೆ ಅವು ಸುಮಾರು ಆರು ನಿಮಿಷ ಹಿಂದೆ ಬಿದ್ದವು. ನಮ್ಮ ಅಡುಗೆಮನೆಯ ಒಲೆಯೂ ಹಿಂದೆ ಬಿತ್ತು. ಮೇಜಿನ ಗಡಿಯಾರ ಕದಲಲಿಲ್ಲ. ಜಪಾನಿನಲ್ಲಿ ಇದಕ್ಕೆ ತದ್ವಿರುದ್ಧವಾದದ್ದು ನಡೆದಿತ್ತು. ಅಲ್ಲಿನ ಜೆಜೆವೈ ಎಂಬ ಸಮಯ ಪ್ರಸಾರದ ಎರಡು ಕೇಂದ್ರಗಳಲ್ಲಿ 40 ಕಿಲೋಹರ್ಟ್ಸ್‌ನದು ಫುಕುಶಿಮಾದ ಬೆಟ್ಟವೊಂದರ ಮೇಲಿದೆ. 2011ರ ಮಾರ್ಚ್‌ನ ಅಣುಸ್ಥಾವರ ದುರಂತದಲ್ಲಿ ಆ ಜಾಗ ತೆರವು ವಲಯದೊಳಗೆ ಬಂತು, ಸಿಬ್ಬಂದಿ ಹೊರಡಬೇಕಾಯಿತು, ಪ್ರಸಾರ ಏಪ್ರಿಲ್‌ವರೆಗೆ ನಿಂತಿತು. ಆ ಕೇಂದ್ರವನ್ನು ನೆಚ್ಚಿದ್ದ ಗಡಿಯಾರಗಳು ಅಷ್ಟು ದಿನ ತಮ್ಮ ಹರಳಿನ ಮೇಲೆಯೇ ನಡೆದವು.

ಇಂಟರ್ನೆಟ್ಟಿನಿಂದ ಸಮಯ ಪಡೆಯುವ ಗಡಿಯಾರಗಳು ಈಗ ಬೇಕಾದಷ್ಟು ಇವೆ, ಬಹುಶಃ ನಿಖರತೆಯಲ್ಲಿ ಇವಕ್ಕೇನೂ ಕಡಿಮೆಯಿಲ್ಲ. ಆದರೂ ನನಗೆ ಬೇಕಾದದ್ದು ಇದೇ. ಇದಕ್ಕೆ ವೈಫೈ ಪಾಸ್‌ವರ್ಡ್ ಬೇಡ, ಖಾತೆ ಬೇಡ, ನನ್ನ ಹೆಸರು ಬೇಡ. ಮೈನ್‌ಫ್ಲಿಂಗನ್ನಿಗೆ ತನ್ನನ್ನು ಯಾರು ಕೇಳುತ್ತಿದ್ದಾರೆ ಎಂಬುದು ಗೊತ್ತೂ ಆಗುವುದಿಲ್ಲ. ಸಾರ್ವಜನಿಕ ಹಣದಿಂದ ನಡೆಯುವ ಒಂದು ಸೇವೆ ಬಡವ-ಶ್ರೀಮಂತ, ಊರವ-ವಲಸಿಗ ಎಂದು ನೋಡದೆ ಎಲ್ಲರ ಮನೆಗೂ ಒಂದೇ ಸಮಯವನ್ನು ಪುಕ್ಕಟೆ ತಲುಪಿಸುತ್ತದೆ, ಬದಲಿಗೆ ಏನನ್ನೂ ಕೇಳುವುದಿಲ್ಲ. ಇಂಥವು ಕಡಿಮೆಯಾಗುತ್ತಿವೆ. ಸ್ವಿಟ್ಜರ್‌ಲೆಂಡ್ ತನ್ನ 75 ಕಿಲೋಹರ್ಟ್ಸ್‌ನ ಎಚ್‌ಬಿಜಿ ಕೇಂದ್ರವನ್ನು 2011ರ ಕೊನೆಗೆ ಮುಚ್ಚಿತು. ಮೈನ್‌ಫ್ಲಿಂಗನ್ ಮುಚ್ಚಬಾರದು ಎಂಬುದು ನನ್ನ ಗಟ್ಟಿ ಅಭಿಪ್ರಾಯ.

ರಜೆಗೆ ಹೋಗುವಾಗ ಇಂಥದ್ದೊಂದನ್ನು ಊರಿಗೆ ಒಯ್ಯಲೇ ಎಂದು ಇಲ್ಲಿನ ಕನ್ನಡದ ಗೆಳೆಯರು ಕೇಳುತ್ತಿರುತ್ತಾರೆ. ಬರೀ ಮುಳ್ಳಿನ, ಕೈಯಿಂದ ಹೊಂದಿಸಲಾಗದ ಗಡಿಯಾರ ಬೇಡವೇ ಬೇಡ. ಬೆಂಗಳೂರು ಮೈನ್‌ಫ್ಲಿಂಗನ್ನಿನಿಂದ ಏಳು ಸಾವಿರ ಕಿಲೋಮೀಟರಿಗಿಂತ ದೂರ, ಅಲ್ಲಿ ಈ ಸಿಗ್ನಲ್ ನೆಚ್ಚಿಕೊಳ್ಳುವ ಹಾಗಿಲ್ಲ. ಭಾರತದಲ್ಲಿ ಈ ಬಗೆಯ ದೀರ್ಘ ತರಂಗದ ಸಮಯ ಪ್ರಸಾರವಿಲ್ಲ. ದೆಹಲಿಯ ರಾಷ್ಟ್ರೀಯ ಭೌತಿಕ ಪ್ರಯೋಗಾಲಯ ಹಿಂದೆ ಎಟಿಎ ಹೆಸರಿನಲ್ಲಿ ಸಮಯ ಬಿತ್ತರಿಸುತ್ತಿದ್ದದ್ದು ಶಾರ್ಟ್ ವೇವ್‌ನಲ್ಲಿ, ಈ ಫೆರೈಟ್ ಕಡ್ಡಿಗೆ ಅದು ದಕ್ಕದು. ಡಿಜಿಟಲ್ ಗಡಿಯಾರವಾದರೆ ಟೈಮ್ ಝೋನ್ ಬದಲಿಸಬಹುದು ನಿಜ, ಆದರೆ ಬಹಳಷ್ಟರಲ್ಲಿ ಪೂರ್ಣ ಗಂಟೆಯ ಲೆಕ್ಕ ಮಾತ್ರ. ನಮ್ಮದು ಚಳಿಗಾಲದಲ್ಲಿ ಜರ್ಮನಿಗಿಂತ ನಾಲ್ಕೂವರೆ, ಬೇಸಿಗೆಯಲ್ಲಿ ಮೂರೂವರೆ ಗಂಟೆ ಮುಂದೆ. ಆ ಅರ್ಧ ಗಂಟೆ ಅದರ ಕೈಗೆ ಸಿಗುವುದಿಲ್ಲ.

ಒಂದು ದಾರಿ ಇದೆ. ಫೋನಿನ ಕೆಲವು ಆ್ಯಪ್‌ಗಳು ಸ್ಪೀಕರಿನ ಸುರುಳಿಯನ್ನೇ ಪುಟ್ಟ ಪ್ರೇಷಕ ಮಾಡಿಕೊಳ್ಳುತ್ತವೆ. 77.5 ಕಿಲೋಹರ್ಟ್ಸ್ ಹೊರಡಿಸಲು ಫೋನಿಗಾಗದು, ಆದರೆ 15.5 ಕಿಲೋಹರ್ಟ್ಸ್‌ನ ಸದ್ದನ್ನು ಜೋರಾಗಿ ನುಡಿಸಿದರೆ ಅದರ ಐದು ಪಟ್ಟಿನ ಕಂಪನವೂ ಸಣ್ಣಗೆ ಹುಟ್ಟುತ್ತದೆ. ಐದು ಹದಿನೈದೂವರೆ ಅಂದರೆ ಸರಿಯಾಗಿ 77.5. ಇದರ ಜೊತೆಗೆ ಫೋನಿನ ಸ್ಥಳೀಯ ಸಮಯವನ್ನೇ ಜರ್ಮನಿಯ ಸಂಕೇತದಲ್ಲಿ ಕಳಿಸುವ ಆ್ಯಪ್ ಸಿಕ್ಕರೆ ಅರ್ಧ ಗಂಟೆಯ ತಕರಾರೂ ಉಳಿಯುವುದಿಲ್ಲ. ಹುಬ್ಬಳ್ಳಿಯಲ್ಲಿ ನನ್ನ ತಂಗಿ ತನ್ನ ಗಡಿಯಾರಕ್ಕೆ ಮಾಡುವುದು ಹೀಗೆಯೇ. ಫೋನಿನ ಸದ್ದು ಪೂರ್ತಿ ಏರಿಸಿ, ಗಡಿಯಾರದ ಬೆನ್ನಿಗೆ ಒತ್ತಿಟ್ಟು, ಸೆಲ್ ತೆಗೆದು ಹಾಕಿ, ಮುಳ್ಳು ಓಡುವವರೆಗೆ ಮುಟ್ಟದೆ ಬಿಡುತ್ತಾಳೆ. ಇಯರ್‌ಫೋನ್ ತಂತಿಯನ್ನು ಸುತ್ತಿಟ್ಟರೂ ನಡೆಯುತ್ತದೆ, ಆದರೆ ಅದನ್ನು ಆಗ ಕಿವಿಗೆ ಹಾಕಿಕೊಳ್ಳಬಾರದು, ಪೂರ್ತಿ ಏರಿಸಿದ ಸದ್ದು ಕಿವಿಗೆ ಒಳ್ಳೆಯದಲ್ಲ. ಆಮೇಲೆ ಗಡಿಯಾರ ಹರಳಿನ ಮೇಲೆ ನಡೆಯುತ್ತದೆ, ತಿಂಗಳಿಗೆ ಹದಿನೈದು ಸೆಕೆಂಡಿನಷ್ಟು ಸರಿಯಬಹುದು. ತಿಂಗಳಿಗೊಮ್ಮೆ ಮತ್ತೆ ಫೋನ್ ಇಟ್ಟರೆ ಸಾಕು.